ಬೀಳಪ್ಪನ ಕೊನೆಯ ಪಟ್ಟು

ಸಿನಿಮಾಗಳಲ್ಲಿ ಏಟು ತಿಂದು ಬೀಳುವುದನ್ನೇ ಹೊಟ್ಟೆಪಾಡು ಮಾಡಿಕೊಂಡವನನ್ನು ಜನ ಬೀಳಪ್ಪ ಎಂದು ಕರೆದರೆ ಅದರಲ್ಲಿ ತಪ್ಪೇನೂ ಇಲ್ಲ. ಅವನಿಗೂ ಆ ಹೆಸರಿನ ಮೇಲೆ ಸಿಟ್ಟಿರಲಿಲ್ಲ. ಸಿಟ್ಟೆಲ್ಲ ಕ್ಯಾಮೆರಾದ ಮೇಲೆ. ಜೀವ ಕೈಯಲ್ಲಿ ಹಿಡಿದು ಬಿದ್ದವನು ಇವನು, ಆದರೆ ಬಿದ್ದ ಮರುಕ್ಷಣ ಅದು ಇವನ ಕಡೆ ತಿರುಗಿಯೂ ನೋಡದೆ ಹೀರೋನ ಮುಖಕ್ಕೆ ಹೋಗಿಬಿಡುತ್ತಿತ್ತು. ಮೆಟ್ಟಿಲ ಮೇಲಿಂದ, ಲಾರಿಯ ಮೇಲಿಂದ, ಗಾಜಿನ ಬಾಗಿಲು ಸೀಳಿಕೊಂಡು, ಒಮ್ಮೆ ಕುದುರೆಯ ಮೇಲಿಂದಲೂ ಬಿದ್ದಿದ್ದ. ಆ ಕುದುರೆ ಪಾಪ, ನಿಂತಲ್ಲೇ ನಿಂತಿತ್ತು. ಗೂಂಡಾ, ಕಾವಲುಗಾರ, ಗೂಂಡಾನ ಕಾವಲುಗಾರ, ಇಷ್ಟರಲ್ಲೇ ಅವನ ಪಾತ್ರಗಳು ಮುಗಿಯುತ್ತಿದ್ದವು. ಯಾವ ಪಾತ್ರಕ್ಕೂ ಹೆಸರಿರಲಿಲ್ಲ. ಯಾವ ಪಾತ್ರವೂ ಮಧ್ಯಂತರದ ಮುಖ ಕಂಡಿರಲಿಲ್ಲ.

"ಇಂಟರ್‌ವಲ್‌ನಲ್ಲಿ ಜನ ಕಾಫಿ ಕುಡಿಯೋ ಹೊತ್ತಿಗೆ ನಾನು ಸತ್ತು, ಮುಖ ತೊಳ್ಕೊಂಡು, ಮನೆಗೆ ಹೋಗಿ ಊಟ ಮಾಡಿರ್ತಿದ್ದೆ" ಎಂದು ಅವನೇ ಹೇಳಿಕೊಂಡು ನಗುತ್ತಿದ್ದ. ತನ್ನನ್ನು ತಾನೇ ಮೊದಲು ಆಡಿಕೊಂಡುಬಿಟ್ಟರೆ ಬೇರೆಯವರಿಗೆ ಆಡಿಕೊಳ್ಳಲು ಏನೂ ಉಳಿಯುವುದಿಲ್ಲ ಎಂಬ ಲೆಕ್ಕಾಚಾರ ಅವನದು. ಬೀದಿಯಲ್ಲಿ ಈ ಲೆಕ್ಕ ಸರಿಹೋಗುತ್ತಿತ್ತು. ಮನೆಯಲ್ಲಿ ಮಾತ್ರ ತಪ್ಪುತ್ತಿತ್ತು. ಯಾಕೆಂದರೆ ಹೆಂಡತಿ ಅವನ ಯಾವ ಹಾಸ್ಯಕ್ಕೂ ನಗುತ್ತಿರಲಿಲ್ಲ.

ಅವಳು ಆಸ್ಪತ್ರೆಯಲ್ಲಿ ಗಾಯಕ್ಕೆ ಪಟ್ಟಿ ಕಟ್ಟುವ ವಿಭಾಗದಲ್ಲಿ ನರ್ಸ್ ಆಗಿದ್ದವಳು. ನಿವೃತ್ತಿಯಾದ ಮೇಲೂ ಬೀದಿಯವರಿಗೆಲ್ಲ ನರ್ಸಮ್ಮನೇ. ಮದುವೆಯಾದ ಹೊಸದರಲ್ಲಿ ಬೀಳಪ್ಪ ಒಂದೇ ಒಂದು ಸಲ ಅವಳನ್ನು ತನ್ನ ಸಿನಿಮಾಕ್ಕೆ ಕರೆದುಕೊಂಡು ಹೋಗಿದ್ದ. ಪರದೆಯ ಮೇಲೆ ಗಂಡ ಮಹಡಿಯಿಂದ ಕೆಳಕ್ಕೆ ಬರುತ್ತಿದ್ದಂತೆ ಅವಳು ಎರಡೂ ಕೈಯಿಂದ ಕಣ್ಣು ಮುಚ್ಚಿಕೊಂಡು ಚಿಟ್ಟನೆ ಚೀರಿದಳು. ಇಡೀ ಥಿಯೇಟರು ತಿರುಗಿ ನೋಡಿತು. ಪಕ್ಕದಲ್ಲೇ ಜೀವಂತವಾಗಿ ಕಡಲೆಕಾಯಿ ಸುಲಿಯುತ್ತಾ ಕೂತಿದ್ದ ಬೀಳಪ್ಪನಿಗೆ ಸತ್ತೇ ಹೋಗಿದ್ದರೆ ಚೆನ್ನಾಗಿತ್ತು ಅನ್ನಿಸಿತು. ಅವತ್ತೇ ಕೊನೆ, ಆಮೇಲೆ ಅವಳು ಅವನ ಯಾವ ಸಿನಿಮಾವನ್ನೂ ನೋಡಲಿಲ್ಲ.

ಬೇರೆ ಹೆಂಗಸರು ಗಂಡ ಕೆಲಸಕ್ಕೆ ಹೋದರೆ ಫೋನು ಮಾಡಿ ಊಟ ಆಯಿತಾ, ಯಾವಾಗ ಬರ್ತೀರಾ ಅಂತೆಲ್ಲ ಕೇಳುತ್ತಾರೆ. ಇವಳು ಶೂಟಿಂಗಿನ ದಿನ ಸಂಜೆ ಸ್ಟುಡಿಯೋಗೆ ಫೋನು ಮಾಡಿ ಒಂದೇ ಮಾತು ಕೇಳುತ್ತಿದ್ದಳು. "ಎದ್ರಾ?" ಅಷ್ಟೇ. ಬೀಳಪ್ಪ ಎದ್ದೆ ಎನ್ನುತ್ತಿದ್ದ, ಅವಳು ಫೋನು ಇಡುತ್ತಿದ್ದಳು. ಸ್ಟುಡಿಯೋದ ಮ್ಯಾನೇಜರು ಮೀಸೆಯಲ್ಲೇ ನಗುತ್ತಿದ್ದ. ಬಿದ್ದೇ ಬದುಕುವ ಗಂಡನನ್ನು ಹೆಂಡತಿ ಹೀಗೆ ಚುಚ್ಚುತ್ತಾಳೆ ಎಂದು ಬೀಳಪ್ಪ ತಿಳಿದುಕೊಂಡಿದ್ದ. ಅದೊಂದು ಮುಳ್ಳು ಅವನೊಳಗೆ ಸದ್ದಿಲ್ಲದೆ ಹಾಗೇ ಉಳಿದಿತ್ತು.

ಈಗ ಮಂಡಿ ಸವೆದು ಕೆಲಸ ಬಿಟ್ಟು ಮನೆಯಲ್ಲಿದ್ದ. ದಿನಪತ್ರಿಕೆಯನ್ನು ಜಾಹೀರಾತು ಸಮೇತ ಓದಿ ಮುಗಿಸಿ, ಬೇಸರವಾದರೆ ಸೋಫಾದಿಂದ ನೆಲಕ್ಕೆ ಒಂದು ಸಣ್ಣ ಬೀಳು ಬಿದ್ದು, ಹೆಂಡತಿ ಅಡುಗೆಮನೆಯಿಂದ ಇಣುಕುವ ಮೊದಲೇ ಎದ್ದು ಕೂರುತ್ತಿದ್ದ. ಅಂಥ ದಿನಗಳಲ್ಲೇ ತಂಗಿಯ ಮಗಳು ಬಂದು ಆ ಮಾತು ಎತ್ತಿದ್ದು.

ತಂಗಿಯ ಮಗಳು ಕನ್ನಡಕದ ಅಂಗಡಿಯೊಂದರಲ್ಲಿ ಕಣ್ಣು ಪರೀಕ್ಷೆ ಮಾಡುತ್ತಿದ್ದಳು. ತಲೆಯಲ್ಲಿ ಒಂದೆರಡು ಬಿಳಿ ಕೂದಲು ಕಂಡರೂ ಮನೆಯವರ ಬಾಯಲ್ಲಿ ಇನ್ನೂ ಪುಟ್ಟಿ. ಅವಳೂ ಅವಳ ಗೆಳೆಯರೂ ಬಿಡುವಿನಲ್ಲಿ ಕಂಪ್ಯೂಟರಿನ ಮೇಲೆ ಒಂದು ಹೊಡೆದಾಟದ ಆಟ ಕಟ್ಟುತ್ತಿದ್ದರು. ಯಾವ ಕಂಪನಿಯದೂ ಅಲ್ಲ. ಚಿಕ್ಕಂದಿನಲ್ಲಿ ಅಂಥ ಆಟಗಳ ಹುಚ್ಚು ಹತ್ತಿಸಿಕೊಂಡವರು ದೊಡ್ಡವರಾದ ಮೇಲೂ ಬಿಡಲಾರದೆ ತಾವೇ ಸೇರಿ ಕಟ್ಟಿಕೊಂಡದ್ದು. ಯಾರು ಬೇಕಾದರೂ ತಮ್ಮದೇ ಒಂದು ಪಾತ್ರವನ್ನು ತಯಾರಿಸಿ ಈ ಅಖಾಡಕ್ಕೆ ಇಳಿಸಬಹುದು. ಬೇಕರಿಯವನು ಒಬ್ಬ ದೈತ್ಯ ಬಾಣಸಿಗನನ್ನು ತಂದಿದ್ದ, ಬಸ್ ಓಡಿಸುವ ಹೆಂಗಸೊಬ್ಬಳು ಹಾವಿನಂಥ ಜಡೆಯ ರಾಣಿಯನ್ನು. ಪುಟ್ಟಿಯ ಅಂಗಡಿಯಲ್ಲಿ ಲೆನ್ಸ್ ಉಜ್ಜುವವನು ತಗಡಿನ ಡಬ್ಬಗಳನ್ನು ಜೋಡಿಸಿದಂಥ ಒಂದು ರೋಬಾಟನ್ನು ಮಾಡಿದ್ದ. ವರ್ಷಕ್ಕೊಮ್ಮೆ ಗ್ರಂಥಾಲಯದ ಮೇಲಿನ ಸಭಾಂಗಣವನ್ನು ಕೇಳಿ ಪಡೆದು, ದೊಡ್ಡ ಪರದೆ ಹಾಕಿ, ಎಲ್ಲರ ಪಾತ್ರಗಳನ್ನೂ ಕಾದಾಟಕ್ಕೆ ಬಿಡುತ್ತಿದ್ದರು.

"ಪಾತ್ರದ ಜೀವ ಇರೋದೇ ಫಿನಿಶಿಂಗ್ ಮೂವ್‌ನಲ್ಲಿ, ಮಾವ" ಎಂದು ಪುಟ್ಟಿ ವಿವರಿಸಿದಳು. "ಎದುರಾಳಿ ಸೋತು ತೂರಾಡ್ತಾ ನಿಂತಿರ್ತಾನಲ್ಲ, ಆಗ ಗೆದ್ದವನು ಕೊಡೋ ಕಟ್ಟಕಡೇ ಏಟು. ಒಬ್ಬೊಬ್ಬರದು ಒಂದೊಂದು ಥರ."

"ಕುಸ್ತೀಲಿ ಅದಕ್ಕೆ ಪಟ್ಟು ಅಂತಾರೆ. ಕೊನೆ ಪಟ್ಟು ಅನ್ನು, ಬಾಯಿಗೂ ಸಲೀಸು."

"ಸರಿ, ಕೊನೆ ಪಟ್ಟು. ಈ ಸಲ ನನ್ನ ಪಾತ್ರ ನೀವೇ. ಬೀಳಪ್ಪ ಅಂತಾನೇ ಹೆಸರು. ಆದ್ರೆ ಬೀಳಲ್ಲ, ಗೆಲ್ತೀರಾ."

ಬೀಳಪ್ಪನ ಕೈ ತಾನಾಗಿ ಮೀಸೆಗೆ ಹೋಯಿತು. ಆ ಮೀಸೆ ಈಗ ಇದ್ದಷ್ಟೇ ಇರುವುದು ಬೇಡ, ಇನ್ನೊಂದಿಷ್ಟು ದಪ್ಪ ಮಾಡಬೇಕು, ತಲೆಯ ಮೇಲೆ ಕೂದಲು ಬೆಳೆಸಬೇಕು, ಹೊಟ್ಟೆ ಅವರವರ ಆತ್ಮಸಾಕ್ಷಿಗೆ ಬಿಟ್ಟದ್ದು ಎಂದು ಅಲ್ಲೇ ಅಪ್ಪಣೆ ಕೊಡಿಸಿದ. ಆಮೇಲೆ ಅಡುಗೆಮನೆಗೆ ಹೋಗಿ, ಹುರುಳಿಕಾಯಿ ಮುರಿಯುತ್ತಿದ್ದ ಹೆಂಡತಿಯ ಎದುರು ಗಂಟಲು ಸರಿಪಡಿಸಿಕೊಂಡು ವಿಷಯ ಹೇಳಿದ. ಅವಳು ಕೈಯ ಕೆಲಸ ನಿಲ್ಲಿಸಲಿಲ್ಲ.

"ಇದ್ರಲ್ಲೂ ಬೀಳ್ತೀರಾ?"

"ಇಲ್ಲ ಕಣೇ. ಇದ್ರಲ್ಲಿ ಬೀಳಿಸೋನು ನಾನು."

"ಒಂದ್ಸಲನೂ ಬೀಳಲ್ವಾ?"

"ಒಂದ್ಸಲನೂ ಇಲ್ಲ."

ನರ್ಸಮ್ಮ ಒಂದು ಕಾಯಿಯ ನಾರು ತೆಗೆದು ಪಕ್ಕಕ್ಕಿಟ್ಟಳು. "ಹಾಗಾದ್ರೆ ಬರ್ತೀನಿ" ಎಂದಳು.

ಬೀಳಪ್ಪ ಸಿಕ್ಕಿದ್ದನ್ನು ಗಟ್ಟಿಯಾಗಿ ಹಿಡಿದುಕೊಂಡವನಂತೆ ಅಲ್ಲಿಂದ ಮೆಲ್ಲಗೆ ಜಾರಿಕೊಂಡ. ಇಷ್ಟು ವರ್ಷ ಹೆಂಡತಿಗೆ ಒಂದು ಸಲವಾದರೂ ತಾನು ಗೆಲ್ಲುವುದನ್ನು ತೋರಿಸಬೇಕೆಂಬ ಆಸೆ ಅವನಿಗಿತ್ತು. ಅದನ್ನು ಯಾರ ಹತ್ತಿರವೂ ಹೇಳಿಕೊಂಡಿರಲಿಲ್ಲ, ಯಾಕೆಂದರೆ ಅದರಲ್ಲಿ ಹಾಸ್ಯ ಮಾಡುವುದಕ್ಕೆ ಏನೂ ಇರಲಿಲ್ಲ.

ಪುಟ್ಟಿಯ ಕೋಣೆ ಕನ್ನಡಕದ ಅಂಗಡಿಯ ಮೇಲಿತ್ತು. ಗೋಡೆಯ ಮೇಲೆ ದೊಡ್ಡದರಿಂದ ಸಣ್ಣದಕ್ಕೆ ಇಳಿಯುವ ಅಕ್ಷರಗಳ ಹಳೆಯ ಹಲಗೆ, ಮೂಲೆಯಲ್ಲಿ ಮುರಿದ ಫ್ರೇಮುಗಳು ತುಂಬಿದ ಡಬ್ಬಗಳು, ನೆಲದ ತುಂಬ ಹಾಸಿಗೆ. ಕನ್ನಡಕ ಜೋಡಿಸಿಡುವ ಎರಡು ಕಂಬಗಳಿಗೆ ಎರಡು ಫೋನು ಕಟ್ಟಿದ್ದಳು. ಅವು ಎರಡು ಕಡೆಯಿಂದ ವಿಡಿಯೋ ತೆಗೆಯುತ್ತವೆ, ಕಂಪ್ಯೂಟರು ಅದನ್ನು ನೋಡಿ ಬೀಳಪ್ಪನ ಮೈಕೈ ಆಡಿದ ಹಾಗೆಲ್ಲ ಆಡುವ ಒಂದು ಕಡ್ಡಿಗೊಂಬೆಯನ್ನು ತಯಾರಿಸುತ್ತದೆ, ಆ ಗೊಂಬೆಗೆ ಯಾವ ಪಾತ್ರದ ಚರ್ಮ ಬೇಕಾದರೂ ಹೊದಿಸಬಹುದು. ಏಟು ತಿನ್ನುವುದಕ್ಕೆ ಲೆನ್ಸಿನವನು ಬಂದು ನಿಂತ.

"ರೆಡಿನಾ ಮಾವ? ಆ್ಯಕ್ಷನ್" ಎಂದಳು ಪುಟ್ಟಿ.

ಬೀಳಪ್ಪ ಹುಲಿಯಂತೆ ನುಗ್ಗಿ ಕೈ ಬೀಸಿದ. ಮರುಗಳಿಗೆಯಲ್ಲಿ ಹಿಂದಕ್ಕೆ ಹಾರಿ, ಗಾಳಿಯಲ್ಲಿ ಅರ್ಧ ಸುತ್ತು ತಿರುಗಿ, ಫ್ರೇಮಿನ ಡಬ್ಬಗಳ ಪಕ್ಕ ದೊಪ್ಪೆಂದು ಬಿದ್ದವನೂ ಅವನೇ. ಏಟು ತಿನ್ನಬೇಕಿದ್ದ ಲೆನ್ಸಿನವನು ನಿಂತಲ್ಲೇ ಬೆಪ್ಪಾಗಿ ನಿಂತಿದ್ದ.

"ಮಾವ, ಹೊಡೆಯೋರು ನೀವು."

"ಗೊತ್ತಮ್ಮ. ಇನ್ನೊಂದ್ಸಲ."

ಇನ್ನೊಂದು ಸಲವೂ ಅದೇ ಆಯಿತು, ಆಮೇಲೆ ಮತ್ತೊಂದು ಸಲವೂ. ಹುಟ್ಟುಗುಣ ಸುಟ್ಟರೂ ಹೋಗದು ಎನ್ನುತ್ತಾರೆ. ಇದು ಹುಟ್ಟುಗುಣವೂ ಅಲ್ಲ, ಸಂಬಳ ಕೊಟ್ಟು ಕಲಿಸಿದ ಗುಣ, ಇನ್ನೂ ಗಟ್ಟಿ. ಆ್ಯಕ್ಷನ್ ಎಂಬ ಮಾತು ಕಿವಿಗೆ ಬಿದ್ದರೆ ಸಾಕು, ಅವನ ಮೈ ಅವನನ್ನು ಕೇಳದೆ ನೆಲ ಹುಡುಕುತ್ತಿತ್ತು.

ಪುಟ್ಟಿ ಆ ಮಾತು ಬಿಟ್ಟು, ಸುಮ್ಮನೆ "ಹೂಂ" ಎನ್ನತೊಡಗಿದಳು. ಬೀಳಪ್ಪ ಬೀಳಲಿಲ್ಲ, ಹೊಡೆದ. ಕಂಪ್ಯೂಟರಿನಲ್ಲಿ ನೋಡಿದರೆ ಕಡ್ಡಿಗೊಂಬೆಯ ಮುಷ್ಟಿ ಎದುರಾಳಿಯ ದವಡೆಯಿಂದ ಒಂದು ಗೇಣು ಆಚೆಗೆ ಹಾದುಹೋಗಿತ್ತು.

"ಗಾಳಿಗೆ ಹೊಡೀತಿದೀರಲ್ಲ ಮಾವ."

"ತಾಗದ ಹಾಗೆ ಹೊಡೆಯೋದೇ ನಮ್ಮ ಕಸುಬು. ಆ ಗೇಣು ಜಾಗ ಕ್ಯಾಮೆರಾಕ್ಕೆ ಕಾಣಲ್ಲ, ಎದುರಿನವನು ನೀಟಾಗಿ ಬಿದ್ರೆ ಏಟು ಅಂತ ಜನ ನಂಬ್ತಾರೆ."

"ನನ್ನ ಕಂಪ್ಯೂಟರಿಗೆ ಕಾಣುತ್ತೆ. ಸ್ವಲ್ಪ ತಾಗಿಸಿ. ಇವನೇನೂ ಅಂದ್ಕೊಳಲ್ಲ."

ಲೆನ್ಸಿನವನು ಅಂದುಕೊಳ್ಳುವವನಂತೆಯೇ ಕಾಣುತ್ತಿದ್ದ. ಬೀಳಪ್ಪ ಮನಸ್ಸು ಗಟ್ಟಿ ಮಾಡಿ, ಬೆರಳ ಗೆಣ್ಣು ದವಡೆಗೆ ಸೋಕುವಂತೆ ಹೊಡೆದ. ಸೋಕಿದ್ದೇ ತಡ ಮುಷ್ಟಿ ಬಿಚ್ಚಿದ. "ತಾಗ್ತಾ ಮಗಾ? ಎಲ್ಲಿ, ತೋರ್ಸು" ಎಂದು ಅವನ ಕೆನ್ನೆ ಸವರಿದ. ಕಂಪ್ಯೂಟರು ಇದನ್ನೂ ಬಿಡದೆ ಹಿಡಿದಿತ್ತು. ಪರದೆಯ ಮೇಲೆ ದಪ್ಪ ಮೀಸೆಯ ಯೋಧ ಎದುರಾಳಿಗೆ ಭಯಂಕರವಾದ ಒಂದು ಗುದ್ದು ಕೊಟ್ಟು, ಆಮೇಲೆ ಅವನ ಗಲ್ಲ ಹಿಡಿದು ಮುದ್ದು ಮಾಡಿದ.

ಪುಟ್ಟಿ ನಕ್ಕು ನಕ್ಕು ಹಾಸಿಗೆಯ ಮೇಲೆ ಕೂತುಬಿಟ್ಟಳು. "ಈ ಪಟ್ಟಿಗೆ ಎದುರಾಳಿ ಸಾಯಲ್ಲ ಮಾವ, ನಿಮ್ಮ ದತ್ತುಪುತ್ರ ಆಗ್ಬಿಡ್ತಾನೆ."

ಬೀಳಪ್ಪನೂ ನಕ್ಕ. ಆದರೆ ಮನೆಗೆ ಹೋಗುವ ದಾರಿಯಲ್ಲಿ ನಗು ಹೋಗಿ ಒಳಗೆ ಅಳುಕು ಶುರುವಾಯಿತು. ಗೆಲ್ಲುವುದಕ್ಕೂ ಒಂದು ಅಭ್ಯಾಸ ಬೇಕು, ಅದು ತನಗಿಲ್ಲ. ಹೆಂಡತಿ ಬಂದು ಕೂರುತ್ತಾಳೆ, ಪರದೆಯ ಮೇಲೆ ಗಂಡ ಶತ್ರುವಿನ ಕೆನ್ನೆ ಸವರುತ್ತಾನೆ. ಜಟ್ಟಿ ಕೆಳಗೆ ಬಿದ್ದರೂ ಮೀಸೆ ಮಣ್ಣಾಗಲಿಲ್ಲವಂತೆ. ಇವನದು ಜಟ್ಟಿ ಬೀಳದೆಯೇ ಮೀಸೆ ಮಣ್ಣಾಗುವ ಲಕ್ಷಣ.

ಮನೆಯಲ್ಲಿ ನರ್ಸಮ್ಮ ಅವನು ನಡೆಯುವುದನ್ನು ನೋಡಿ "ಸೊಂಟಕ್ಕೇನಾಯ್ತು?" ಎಂದು ಕೇಳಿದಳು. ಪುಟ್ಟಿಯ ಮನೆಯ ಮೆಟ್ಟಿಲು ಬಹಳ ಕಡಿದು ಎಂದ. ಅವಳು ಮುಲಾಮು ತಂದು ಹಚ್ಚಿದಳು, ಮತ್ತೇನೂ ಕೇಳಲಿಲ್ಲ.

ಮುಂದಿನ ಭಾನುವಾರ ಪುಟ್ಟಿ ಬೇರೆ ದಾರಿ ಹಿಡಿದಳು. "ಹೊಡೆಯೋದು ಬಿಡಿ. ನಿಮಗೆ ಬರೋದನ್ನೇ ಮಾಡಿ. ಬೀಳಿ."

ಬೀಳಪ್ಪನಿಗೆ ಕೇಳಬೇಕೆ. ಮೆಟ್ಟಿಲ ಬೀಳು, ಮೇಜಿನ ಬೀಳು, ಗಾಜಿನ ಬೀಳು, ಒಂದೊಂದನ್ನೂ ಹಾಸಿಗೆಯ ಮೇಲೆ ಬಿದ್ದು ತೋರಿಸಿದ. ಮೇಜು ಮೆಟ್ಟಿಲು ಅಲ್ಲಿ ಇಲ್ಲದಿದ್ದರೂ ಇದ್ದ ಹಾಗೇ ಬಿದ್ದ. ಮಂಡಿ ನೊಂದರೂ ಕೂತು ಉಪನ್ಯಾಸ ಕೊಟ್ಟ. "ಏಟಿನ ಮರ್ಯಾದೆ ಇರೋದು ಬೀಳೋನ ಕೈಲಿ. ಹೀರೋ ಕೈ ಬೀಸಿದ್ರೆ ಸೊಳ್ಳೆನೂ ಸಾಯಲ್ಲ. ನಾವು ಬಿದ್ರೆ ತಾನೆ ಅದು ಏಟು." ಇಷ್ಟು ಹೇಳಿ, ತನ್ನ ಮಾತು ತನಗೇ ಹಿಡಿಸಿ, ಅದನ್ನೇ ಇನ್ನೊಂದು ಸಲ ಹೇಳಿದ.

ಪುಟ್ಟಿಯ ಕಣ್ಣು ಅರಳಿತು. ಈ ಆಟ ಕಟ್ಟುವವರ ಒಂದು ದೊಡ್ಡ ಗೋಳೇ ಅದಾಗಿತ್ತು. ಎಲ್ಲರಿಗೂ ತಮ್ಮ ಪಾತ್ರ ಹೊಡೆಯುವುದನ್ನು ಚಿತ್ರಿಸುವ ಚಪಲ, ಅದು ಬೀಳುವುದನ್ನು ಚಿತ್ರಿಸುವ ತಾಳ್ಮೆ ಒಬ್ಬರಿಗೂ ಇಲ್ಲ. ಹೋದ ವರ್ಷದ ಕೂಟದಲ್ಲಿ ಬಾಣಸಿಗ ಸೋತಾಗ ಕೀಲು ಕಳಚಿದ ಬಾಗಿಲಿನಂತೆ ಸೆಟೆದು ಬಿದ್ದಿದ್ದ. ರಾಣಿ ಸೊಂಟದವರೆಗೆ ನೆಲದಲ್ಲಿ ಹೂತುಹೋಗಿದ್ದಳು. ರೋಬಾಟಂತೂ ಸತ್ತ ಮೇಲೂ ನಿಂತೇ ಇತ್ತು.

"ಮಾವ, ನಿಮ್ಮ ಬೀಳುಗಳನ್ನ ಎಲ್ಲರ ಪಾತ್ರಕ್ಕೂ ಹಾಕ್ಕೊಳ್ಳೋಕೆ ಕೊಡ್ಲಾ?"

"ಧಾರಾಳವಾಗಿ ಹಂಚು. ಕಲೆ ಹಂಚಿದ್ರೆ ಬೆಳೆಯುತ್ತೆ."

ಕೊನೆಯ ಪಟ್ಟು ಹುಟ್ಟಿದ್ದೂ ಅವತ್ತೇ. ಲೆನ್ಸಿನವನು ಬೀಳಪ್ಪನನ್ನು ಎಬ್ಬಿಸಲೆಂದು ಕೈ ಕೊಟ್ಟ. ಅಷ್ಟರಲ್ಲಿ ಕೆಳಗೆ ಬೀದಿಯಲ್ಲಿ ಯಾರೋ ಜೋರಾಗಿ ಹಾರನ್ ಹೊಡೆದರು. ಬೆಚ್ಚಿದ ಬೀಳಪ್ಪ ಅಭ್ಯಾಸಬಲದಿಂದ ಹಿಂದಕ್ಕೆ ಬಿದ್ದ, ಹಿಡಿದ ಕೈ ಬಿಡಲಿಲ್ಲ. ಲೆನ್ಸಿನವನು ಅವನ ತಲೆಯ ಮೇಲಿಂದ ಹಾರಿ ಹಾಸಿಗೆಯ ಆ ತುದಿಗೆ ಹೋಗಿ ಅಂಗಾತ ಮಲಗಿದ. ಬೀಳಪ್ಪ ಎಡಗೈ ಊರಿ, ಮಂಡಿ ಮಡಚಿ, ಉಸ್ಸೆಂದು ಎದ್ದು ನಿಂತ. ಲೆನ್ಸಿನವನು ಏಳಲಿಲ್ಲ.

"ಇದೇ" ಎಂದಳು ಪುಟ್ಟಿ. "ಬಿದ್ದು ಗೆಲ್ಲೋದು. ಇಬ್ರೂ ಬೀಳ್ತೀರಾ, ನೀವೊಬ್ರೇ ಏಳ್ತೀರಾ."

ಬೀಳಪ್ಪನಿಗೆ ಒಪ್ಪಿಗೆಯಾಯಿತು. ಒಪ್ಪಿಗೆಯಾದ ಮೇಲೆ ಕಲಾವಿದನ ಕಾಟ ಶುರುವಾಯಿತು. ಬಿದ್ದ ಕೂಡಲೆ ಎದ್ದರೆ ಅದರಲ್ಲಿ ರಸವಿಲ್ಲ ಎಂದ. ಇಬ್ಬರೂ ಅಲುಗಾಡದೆ ಬಿದ್ದಿರಬೇಕು, ಜನ ಇವನೂ ಸತ್ತ ಎಂದು ನಂಬಬೇಕು, ನಂಬಿ ನಿಟ್ಟುಸಿರು ಬಿಡಬೇಕು, ಆಮೇಲೆ ಒಂದು ಬೆರಳು ಅಲುಗಬೇಕು. ಪುಟ್ಟಿ ಸ್ವಲ್ಪ ಹೊತ್ತು ಬಿದ್ದಿರುವಂತೆ ಮಾಡಿದಳು. ಸಾಲದು ಎಂದ. ಇನ್ನಷ್ಟು ಎಳೆದಳು. ಇನ್ನೂ ಸಾಲದು ಎಂದ. "ಜೀವಮಾನ ಪೂರ್ತಿ ಬಿದ್ದಾಗ ಕ್ಯಾಮೆರಾ ನನ್ನನ್ನ ನೋಡ್ಲಿಲ್ಲ ಪುಟ್ಟಿ. ಈಗ್ಲಾದ್ರೂ ಸ್ವಲ್ಪ ನೋಡ್ಲಿ." ಆ ಮಾತಿಗೆ ಅವಳು ಸೋತು, ಅವನು ಹೇಳಿದಷ್ಟೂ ಎಳೆದುಕೊಟ್ಟಳು.

ಮೆಟ್ಟಿಲಿಳಿದು ಬೀದಿಗೆ ಬಂದ ಮೇಲೆಯೇ ಅವನಿಗೆ ಹೆಂಡತಿಗೆ ಕೊಟ್ಟ ಮಾತು ನೆನಪಾದದ್ದು. ಒಂದ್ಸಲನೂ ಬೀಳಲ್ವಾ, ಒಂದ್ಸಲನೂ ಇಲ್ಲ. ನಡುಬೀದಿಯಲ್ಲೇ ನಿಂತುಬಿಟ್ಟ. ಹೇಳಿದರೆ ಅವಳು ಬರುವುದಿಲ್ಲ. ಹೇಳದಿದ್ದರೆ ಬಂದು, ನೋಡಿ, ಎದ್ದು ಹೋಗುತ್ತಾಳೆ, ಅದರ ಮೇಲೆ ಸುಳ್ಳುಗಾರ ಎಂಬ ಬಿರುದು ಬೇರೆ. ಬಿಸಿತುಪ್ಪ ಬಾಯಲ್ಲಿಟ್ಟುಕೊಂಡವನ ಹಾಗೆ ಅವನು ಕೂಟದ ದಿನದವರೆಗೂ ಒದ್ದಾಡಿದ. ಪ್ರತಿ ದಿನ ಬೆಳಿಗ್ಗೆ ಇವತ್ತು ಹೇಳುತ್ತೇನೆ ಎಂದುಕೊಳ್ಳುವುದು, ಸಂಜೆಯ ಹೊತ್ತಿಗೆ ಒಂದೇ ಸಲ ತಾನೆ ಬೀಳುವುದು, ಅದೂ ಗೆಲ್ಲುವುದಕ್ಕೆ ತಾನೆ ಎಂದು ತನ್ನನ್ನೇ ಸಮಾಧಾನ ಮಾಡಿಕೊಳ್ಳುವುದು. ಮಹಡಿಯಿಂದ ಹಾರಲು ಹೆದರದವನು ಹುರುಳಿಕಾಯಿ ಮುರಿಯುವ ಹೆಂಗಸಿನೆದುರು ಬಾಯಿ ಬಿಡಲು ಹೆದರಿದ.

ಕೂಟದ ದಿನ ಮಧ್ಯಾಹ್ನ ಗ್ರಂಥಾಲಯದ ಸಭಾಂಗಣ ತುಂಬಿತ್ತು. ಪುಸ್ತಕದ ಕಪಾಟುಗಳನ್ನು ಗೋಡೆಗೆ ಸರಿಸಿ ಕುರ್ಚಿ ಹಾಕಿದ್ದರು. ನರ್ಸಮ್ಮ ಆಸ್ಪತ್ರೆಯ ಸಮಾರಂಭಗಳಿಗೆ ಮಾತ್ರ ಹಾಕುತ್ತಿದ್ದ ವಾಚು ಕಟ್ಟಿಕೊಂಡು ಬಂದಿದ್ದಳು. ಮುಂದಿನ ಸಾಲಿನಲ್ಲಿ ಚೀಲವನ್ನು ತೊಡೆಯ ಮೇಲಿಟ್ಟು ನೆಟ್ಟಗೆ ಕೂತಳು. ಬೀಳಪ್ಪ ಪಕ್ಕದಲ್ಲಿ ಕೂತು ಬಾಗಿಲು ಎಷ್ಟು ದೂರವಿದೆ ಎಂದು ಕಣ್ಣಳತೆ ಮಾಡಿಕೊಂಡ. ಎದ್ದು ಹೋಗುವುದಾದರೆ ಅವಳಿಗೆ ಹೆಚ್ಚು ದೂರವೇನೂ ಇರಲಿಲ್ಲ.

ಮೊದಲ ಕಾದಾಟ ರಾಣಿಗೂ ರೋಬಾಟಿಗೂ. ರಾಣಿ ಗೆದ್ದಳು. ಕೊನೆಯ ಪಟ್ಟಿನಲ್ಲಿ ಅವಳ ಜಡೆ ಚಾಟಿಯಂತೆ ಬೀಸಿ ಬಂದು ರೋಬಾಟನ್ನು ಅರಮನೆಯ ಮೆಟ್ಟಿಲ ಮೇಲಿಂದ ಉರುಳಿಸಿತು. ಹೋದ ವರ್ಷ ನಿಂತೇ ಸತ್ತಿದ್ದ ರೋಬಾಟು ಈ ಸಲ ಮೆಟ್ಟಿಲು ಮೆಟ್ಟಿಲಿಗೂ ಒಂದೊಂದು ಅಂಗ ಬಡಿಸಿಕೊಳ್ಳುತ್ತಾ, ಕಡೆಗೆ ಎಡಮಗ್ಗುಲಾಗಿ ಹೊರಳಿ ಬಿತ್ತು. ಸಭೆ ಹೋ ಎಂದು ಚಪ್ಪಾಳೆ ತಟ್ಟಿತು. ಬೀಳಪ್ಪ ಒಳಗೊಳಗೇ ಹಿಗ್ಗಿದ.

"ಎಡ ಮೊಣಕೈ" ಎಂದಳು ನರ್ಸಮ್ಮ.

"ಏನು?"

"ಅದು ನಿಮ್ಮ ಎಡ ಮೊಣಕೈ. ಹೊಲಿಗೆ ಹಾಕಿದ್ದು ನಾನೇ."

ಬೀಳಪ್ಪ ಪರದೆ ನೋಡಿದ. ತಗಡಿನ ಡಬ್ಬಗಳ ರಾಶಿ ಬಿದ್ದಿತ್ತು. ಅದರಲ್ಲಿ ಅವನ ಮುಖವಿಲ್ಲ, ಮೈಯಿಲ್ಲ, ಮೀಸೆಯಿಲ್ಲ.

ಮುಂದಿನ ಕಾದಾಟದಲ್ಲಿ ರಾಣಿಯೇ ಸೋತು, ಬಾಣಸಿಗನ ತಟ್ಟೆಯ ಏಟಿಗೆ ಗಾಜಿನ ಬಾಗಿಲು ಒಡೆದುಕೊಂಡು ಆಚೆ ಬಿದ್ದಳು. ನರ್ಸಮ್ಮ ಪರದೆಯಿಂದ ಕಣ್ಣು ತೆಗೆಯದೆ ಮೆಲ್ಲಗೆ ಹೇಳಿದಳು. "ಸಕ್ಕರೆ ಪಾಕದಲ್ಲಿ ಮಾಡಿದ ನಕಲಿ ಗಾಜು, ಏನೂ ಆಗಲ್ಲ ಅಂದಿದ್ರಿ. ಬೆನ್ನಿಂದ ಚೂರು ಆರಿಸಿ ತೆಗೆಯೋಕೆ ನಂಗೆ ಬೆಳಗಾಗಿತ್ತು." ಆಮೇಲೆ ಇನ್ನೊಂದು ಪಾತ್ರ ಮೇಜಿನ ಮೇಲಿಂದ ಹಿಮ್ಮುಖವಾಗಿ ಉರುಳಿತು. "ಇದು ಪಕ್ಕೆಲುಬು. ಮಗ್ಗುಲು ತಿರುಗಿಸಿ ಮಲಗಿಸೋಕೆ ದಿಂಬು ಇಡ್ತಿದ್ನಲ್ಲ, ಆಗಿಂದು."

ಬೀಳಪ್ಪ ಅವಳ ಕಡೆ ತಿರುಗಿದ. "ಆ ಒಂದು ಬಿಟ್ರೆ ನೀನು ನನ್ನ ಸಿನಿಮಾ ಯಾವ್ದೂ ನೋಡ್ಲಿಲ್ಲ ಅಂದ್ಕೊಂಡಿದ್ದೆ" ಎಂದ.

"ಎಲ್ಲಾ ನೋಡಿದೀನಿ. ನೀವು ಮನೆಗೆ ಬಂದ ಮೇಲೆ ನೋಡ್ತಿದ್ದೆ. ಗಾಯ ನೋಡಿದ್ರೆ ಹೇಗೆ ಬಿದ್ದಿರ್ತೀರಾ ಅಂತ ಗೊತ್ತಾಗಲ್ವಾ?"

ಬೀಳಪ್ಪನಿಗೆ ನಾಚಿಕೆಯಾಯಿತು, ಮೈಯೆಲ್ಲ ಬಿಸಿಯಾಗುವಷ್ಟು ನಾಚಿಕೆ. ಕ್ಯಾಮೆರಾ ನೋಡಲಿಲ್ಲ, ಜನ ನೋಡಲಿಲ್ಲ ಎಂದು ಊರಿಗೆಲ್ಲ ಹಾಡಿಕೊಂಡು ತಿರುಗಿದವನ ಒಂದೊಂದು ಬೀಳನ್ನೂ ಇಲ್ಲೊಬ್ಬಳು ಬಿಡಿಸಿ, ತೊಳೆದು, ಪಟ್ಟಿ ಕಟ್ಟಿ ನೋಡಿದ್ದಳು. ಅವಳ ಎದುರು ಇನ್ನು ಸುಳ್ಳು ಉಳಿಸಿಕೊಂಡು ಕೂರಲು ಅವನಿಗೆ ಆಗಲಿಲ್ಲ. ಪರದೆಯ ಮೇಲೆ ಬೀಳಪ್ಪ ಎಂಬ ಹೆಸರು ಬಂತು. ದಪ್ಪ ಮೀಸೆಯ, ತುಂಬುಗೂದಲಿನ, ಹೊಟ್ಟೆಯೇ ಇಲ್ಲದ ಯೋಧನೊಬ್ಬ ತೊಡೆ ತಟ್ಟಿ ನಿಂತ. ಎದುರಿಗೆ ಬಾಣಸಿಗ.

"ನೋಡೇ, ಒಂದು ಮಾತು. ಇದ್ರಲ್ಲಿ ನಾನೂ ಬೀಳ್ತೀನಿ. ಒಂದ್ಸಲ."

"ಗೊತ್ತು."

"ಹೇಗ್ಗೊತ್ತು?"

"ಪುಟ್ಟಿ ಮನೆಯಿಂದ ಬಂದಾಗೆಲ್ಲ ಸೊಂಟ ಹಿಡ್ಕೊಂಡು ಬರ್ತಿದ್ರಿ. ಮೆಟ್ಟಿಲು ಹತ್ತಿದ್ರೆ ಮಂಡಿ ನೋಯುತ್ತೆ, ಸೊಂಟ ಅಲ್ಲ."

"ಮತ್ತೆ ಯಾಕೆ ಬಂದೆ?"

ಅವಳು ಪರದೆಯ ಕಡೆ ಕೈ ತೋರಿಸಿದಳು. ಕಾದಾಟ ಶುರುವಾಗಿತ್ತು. ಪುಟ್ಟಿ ತುಟಿ ಕಚ್ಚಿಕೊಂಡು ಬಟನ್ನುಗಳನ್ನು ಒತ್ತುತ್ತಿದ್ದಳು. ಬಾಣಸಿಗನ ತಟ್ಟೆಗೆ ಪರದೆಯ ಬೀಳಪ್ಪ ನಾಲ್ಕಾರು ಸಲ ಸಿಕ್ಕಿಬಿದ್ದು, ಸೋತೇಹೋದ ಎನ್ನುವಾಗ ಹೇಗೋ ತಿರುಗಿಬಿದ್ದು ಮೇಲುಗೈ ಪಡೆದ. ಬಾಣಸಿಗ ತೂರಾಡುತ್ತಾ ನಿಂತ. ಕೊನೆಯ ಪಟ್ಟಿನ ಹೊತ್ತು ಬಂತು. ಬೀಳಪ್ಪ ಓರೆಗಣ್ಣಿನಿಂದ ಹೆಂಡತಿಯನ್ನು ನೋಡಿದ. ಅವಳು ಕಣ್ಣು ಮುಚ್ಚಿಕೊಂಡಿದ್ದಳು. ಎಂದೋ ಥಿಯೇಟರಿನಲ್ಲಿ ಮುಚ್ಚಿದ ಹಾಗೆಯೇ ಬಿಗಿಯಾಗಿ. ಕೈಗಳು ಮಾತ್ರ ಮುಖದ ಮೇಲಿರಲಿಲ್ಲ. ಒಂದು ಚೀಲವನ್ನು ಹಿಡಿದಿತ್ತು, ಇನ್ನೊಂದು ಅವನ ಮಣಿಕಟ್ಟನ್ನು.

ಪರದೆಯ ಮೇಲೆ ಯೋಧ ಬಾಣಸಿಗನ ಕೈ ಹಿಡಿದು ಹಿಂದಕ್ಕೆ ಬಿದ್ದ. ಬಾಣಸಿಗ ಹಾರಿಹೋಗಿ ನೆಲಕ್ಕಪ್ಪಳಿಸಿದ. ಇಬ್ಬರೂ ಅಲುಗಾಡದೆ ಬಿದ್ದುಕೊಂಡರು. ಜನ ನಂಬಿದ್ದರು, ನಿಟ್ಟುಸಿರೂ ಬಿಟ್ಟರು, ಎಲ್ಲವೂ ಅವನು ಹೇಳಿಕೊಟ್ಟ ಹಾಗೇ ನಡೆಯಿತು. ನಡೆಯುತ್ತಲೇ ಇತ್ತು.

"ಎದ್ರಾ?" ಎಂದಳು ನರ್ಸಮ್ಮ, ಕಣ್ಣು ಬಿಡದೆ.

ಸ್ಟುಡಿಯೋದ ಫೋನಿನಲ್ಲಿ ಅಷ್ಟು ವರ್ಷ ಕೇಳಿದ ಅದೇ ಮಾತು, ಅದೇ ದನಿ. ಫೋನಿನಲ್ಲಿ ಅವಳ ಕೈ ಕಾಣುತ್ತಿರಲಿಲ್ಲ. ಈಗ ಅದು ಅವನ ಮಣಿಕಟ್ಟನ್ನು ಬಿಟ್ಟರೆ ಹೋಗಿಬಿಡುತ್ತಾನೆ ಎಂಬಂತೆ ಹಿಡಿದಿತ್ತು. ಚುಚ್ಚುಮಾತು ಆಡುವವರ ಕೈ ಹೀಗೆ ಹಿಡಿಯುವುದಿಲ್ಲ ಎಂದು ತಿಳಿಯುವುದಕ್ಕೆ ಬೀಳಪ್ಪನಂಥ ದಡ್ಡನಿಗೂ ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ.

"ಇನ್ನೂ ಇಲ್ಲ" ಎಂದ.

ಬಿದ್ದವನು ಬಿದ್ದೇ ಇದ್ದ. ಸಾಲದು, ಇನ್ನೂ ಸಾಲದು ಎಂದು ಎಳೆಸಿದ್ದು ಯಾವ ಮಹಾನುಭಾವ ಎಂದು ಬೀಳಪ್ಪ ಮನಸ್ಸಿನಲ್ಲೇ ಬೈದುಕೊಂಡ. ಅವಳ ಉಗುರು ಚರ್ಮಕ್ಕೆ ಒತ್ತಿತು.

"ಎದ್ರಾ?"

"ತಾಳು. ಈಗ ಏಳ್ತೀನಿ."

ಒಂದು ಬೆರಳು ಅಲುಗಿತು. ಎಡಗೈ ನೆಲಕ್ಕೆ ಊರಿತು, ಮಂಡಿ ಮಡಚಿತು. ಸಭೆ ಎದ್ದು ನಿಂತು ಬೊಬ್ಬೆ ಹಾಕಿತು.

"ಎದ್ದೆ" ಎಂದ ಬೀಳಪ್ಪ.

ನರ್ಸಮ್ಮ ಕಣ್ಣು ಬಿಟ್ಟಳು. ಪರದೆಯ ತುಂಬ ಗೆದ್ದವರು ಬೀಳಪ್ಪ ಎಂದು ಬಂಗಾರದ ಅಕ್ಷರಗಳು ಕುಣಿಯುತ್ತಿದ್ದವು. ಅವಳು ಅತ್ತ ನೋಡಲೇ ಇಲ್ಲ. ಪಕ್ಕದಲ್ಲಿದ್ದವನನ್ನು ತಲೆಯಿಂದ ಕಾಲಿನವರೆಗೆ ಒಮ್ಮೆ ನೋಡಿ, ಮಣಿಕಟ್ಟಿನ ಮೇಲೆ ತನ್ನ ಉಗುರಿನ ಗುರುತು ಕಂಡು, ಚೀಲ ತೆರೆದು ಮುಲಾಮಿನ ಡಬ್ಬಿ ತೆಗೆದಳು.

"ಅಷ್ಟು ಹೊತ್ತು ಬಿದ್ದಿರಬೇಕಿತ್ತಾ?" ಎಂದು ಹಚ್ಚುತ್ತಾ ಕೇಳಿದಳು.

ಪುಟ್ಟಿ ಜನರ ನಡುವೆ ದಾರಿ ಮಾಡಿಕೊಂಡು ಓಡಿಬಂದಳು. ಮುಖವೆಲ್ಲ ನಗುವಾಗಿತ್ತು. "ನೋಡಿದ್ರಾ ಮಾವ? ಬಿದ್ದಿರೋವಾಗ ಒಬ್ರೂ ಉಸಿರಾಡ್ಲಿಲ್ಲ. ನೀವು ಹೇಳಿದ್ದೇ ಸರಿ."

"ಪುಟ್ಟಿ, ಆ ಬಿದ್ದಿರೋ ಹೊತ್ತು ಕಡಿಮೆ ಮಾಡು."

"ಯಾಕೆ ಮಾವ? ಚಪ್ಪಾಳೆ ಬಂದಿದ್ದೇ ಅದಕ್ಕೆ."

"ಬಂದಿರ್ಲಿ ಬಿಡು" ಎಂದ ಬೀಳಪ್ಪ, ಕೈಯನ್ನು ಹೆಂಡತಿಯ ಮಡಿಲಲ್ಲೇ ಬಿಟ್ಟು. "ನನ್ನನ್ನ ಬೇಗ ಎಬ್ಬಿಸು."